ನೀರುಗಂಟಿಯ ತಿಳಿವಳಿಕೆಗೆ ಕೂಲಿ ಕೊಡುವವರು ಯಾರು?

(ಪಾಡ್‌ಕಾಸ್ಟ್ ಸಂಚಿಕೆಯ ಬರಹ ರೂಪ. ಓದಿಗೆ ಅನುಕೂಲವಾಗುವಷ್ಟು ಮಾತ್ರ ತಿದ್ದಲಾಗಿದೆ.)



ಇವತ್ತಿನ ವಿಷಯ ಸ್ಥಳೀಯ ಜ್ಞಾನ ಮತ್ತು ಸಮುದಾಯದ ಅಭಿವೃದ್ಧಿ. ಹೀಗೆ ಹೇಳಿದ ತಕ್ಷಣ ಯಾವುದೋ ವಿಚಾರ ಸಂಕಿರಣದ ಬ್ಯಾನರ್ ನೆನಪಾಗುತ್ತೆ ಅಲ್ವಾ? ಈ ಪದಗಳು ಎಷ್ಟು ಸವೆದಿವೆ ಅಂದ್ರೆ, ಈಗ ಇವನ್ನು ಯಾರೂ ವಿರೋಧಿಸೋದಿಲ್ಲ. ಮಂತ್ರಿಗಳೂ ಹೇಳ್ತಾರೆ, ಕಂಪನಿಯವರೂ ಹೇಳ್ತಾರೆ, ಎನ್‌ಜಿಒಗಳೂ ಹೇಳ್ತಾರೆ. ಎಲ್ಲರೂ ಒಪ್ಪುವ ಮಾತಿನ ಬಗ್ಗೆ ನನಗೆ ಸ್ವಲ್ಪ ಅನುಮಾನ. ಅದಕ್ಕೆ ಈ ದೊಡ್ಡ ಪದಗಳನ್ನು ಪಕ್ಕಕ್ಕಿಟ್ಟು, ನಾನು ಕೆಲವು ವರ್ಷ ಓಡಾಡಿದ ಕೋಲಾರ, ಚಿಕ್ಕಬಳ್ಳಾಪುರ ಕಡೆಯ ಕೆರೆಗಳಿಂದ ಶುರು ಮಾಡ್ತೀನಿ. ಕೆರೆ ಪುನಶ್ಚೇತನದ ಕೆಲಸದಲ್ಲಿ ಊರೂರು ಸುತ್ತುವಾಗ ಕಂಡದ್ದು, ಕೇಳಿದ್ದು, ಆಮೇಲೆ ಓದಿ ತಿಳಿದದ್ದು, ಇಷ್ಟು ನನ್ನ ಬಂಡವಾಳ.

ಕರ್ನಾಟಕದಲ್ಲಿ 36 ಸಾವಿರಕ್ಕೂ ಹೆಚ್ಚು ಕೆರೆಗಳಿವೆ ಅನ್ನೋದು ಸಾಮಾನ್ಯವಾಗಿ ಕೊಡುವ ಲೆಕ್ಕ. ಕೋಲಾರದ ಕಡೆ ವರ್ಷಪೂರ್ತಿ ಹರಿಯುವ ನದಿ ಇಲ್ಲ. ಇರೋದೆಲ್ಲಾ ಮಳೆ, ಇಳಿಜಾರು, ಅದಕ್ಕೆ ಅಡ್ಡ ಕಟ್ಟಿದ ಏರಿ. ಮೈಸೂರು ಸಂಸ್ಥಾನದ ಮುಖ್ಯ ಎಂಜಿನಿಯರ್ ಆಗಿದ್ದ ಸ್ಯಾಂಕಿ, ಬೆಂಗಳೂರಿನವರಿಗೆ ಸ್ಯಾಂಕಿ ಕೆರೆಯಿಂದ ಪರಿಚಿತ ಹೆಸರು, 1866ರಲ್ಲೇ ಒಂದು ಮಾತು ಬರೆದಿದ್ದರು. ಅದರ ಸಾರ ಏನಪ್ಪಾ ಅಂದ್ರೆ, ಈ ಸೀಮೆಯಲ್ಲಿ ಹೊಸ ಕೆರೆ ಕಟ್ಟೋಕೆ ಜಾಗ ಹುಡುಕೋದೇ ಒಂದು ಸಾಹಸ, ಅಷ್ಟರ ಮಟ್ಟಿಗೆ ಇಲ್ಲಿನ ಜನ ಎಲ್ಲಾ ಕಡೆ ಕಟ್ಟಿ ಮುಗಿಸಿದ್ದಾರೆ ಅಂತ. ಒಂದು ಕೆರೆಯ ಕೋಡಿ ಬಿದ್ದರೆ ಆ ನೀರು ಕೆಳಗಿನ ಊರಿನ ಕೆರೆಗೆ, ಅದು ತುಂಬಿದರೆ ಅದರ ಕೆಳಗಿನದಕ್ಕೆ. ಇದನ್ನ ಸರಪಳಿ ಕೆರೆಗಳು ಅಂತೀವಿ.

ಇದನ್ನೆಲ್ಲಾ ಯಾರು ಯಾವ ತಿಳಿವಳಿಕೆಯಿಂದ ಕಟ್ಟಿದರು? ಆಂಧ್ರದ ಕಡಪ ಜಿಲ್ಲೆಯ ಪೋರುಮಾಮಿಳ್ಳದಲ್ಲಿ 1369ರ ಒಂದು ಶಾಸನ ಇದೆ. ವಿಜಯನಗರದ ರಾಜಕುಮಾರ ಭಾಸ್ಕರ ಕಟ್ಟಿಸಿದ ಕೆರೆಯದ್ದು. ಒಳ್ಳೆಯ ಕೆರೆಗೆ ಇರಬೇಕಾದ 12 ಅಂಗಗಳು ಯಾವುವು, ಕೆರೆಗೆ ತಟ್ಟಬಾರದ 6 ದೋಷಗಳು ಯಾವುವು ಅಂತ ಅದರಲ್ಲಿ ಪಟ್ಟಿಯೇ ಇದೆ. ಜೊತೆಗೆ ಇನ್ನೊಂದು ಲೆಕ್ಕವೂ ಇದೆ. ದಿನಕ್ಕೆ ಸಾವಿರ ಆಳು, ನೂರು ಗಾಡಿ, ಎರಡು ವರ್ಷದ ಕೆಲಸ. ಕಟ್ಟಿಸಿದವನ ಹೆಸರು ಕಲ್ಲಿನ ಮೇಲಿದೆ. ಆ ಸಾವಿರ ಆಳುಗಳ ಹೆಸರು ಇಲ್ಲ. ಈ ವಿಷಯ ಮನಸ್ಸಲ್ಲಿಟ್ಟುಕೊಂಡಿರಿ, ಮುಂದೆ ಬೇಕಾಗುತ್ತೆ.

ಕೆರೆ ಕಟ್ಟೋದು ಒಂದು ಸಲದ ಕೆಲಸ. ಅದನ್ನ ನಡೆಸೋದು ಪ್ರತಿ ವರ್ಷದ ಕೆಲಸ. ಈ ನಡೆಸುವ ಕೆಲಸ ಹಳೆ ಮೈಸೂರಿನ ಊರುಗಳಲ್ಲಿ ನೀರುಗಂಟಿಯದ್ದು. ತೋಟಿ, ತಳವಾರರ ಹಾಗೆ ನೀರುಗಂಟಿಯೂ ಊರಿನ ಆಯಗಾರರಲ್ಲಿ ಒಬ್ಬ. ತೂಬು ತೆಗೆಯೋದು, ಮುಚ್ಚೋದು, ಕಾಲುವೆಯಲ್ಲಿ ನೀರು ಸಾಗಿಸೋದು, ಯಾರ ಗದ್ದೆಗೆ ಎಷ್ಟು ಹೊತ್ತು ಅಂತ ನೋಡೋದು, ಮಳೆಗಾಲದ ರಾತ್ರಿ ಏರಿಯ ಮೇಲೆ ನಡೆದು ಎಲ್ಲಾದರೂ ಜಿನುಗುತ್ತಿದೆಯಾ ಅಂತ ಪರೀಕ್ಷಿಸೋದು, ಇಲಿ, ಏಡಿ ತೋಡಿದ ಬಿಲ ಮುಚ್ಚೋದು, ಇವೆಲ್ಲಾ ಅವನದೇ. ಹಳೆಯ ತೂಬು ಅಂದ್ರೆ ಕೆರೆಯೊಳಗೆ ನಿಂತ ಎರಡು ಕಲ್ಲುಗಂಬ, ನಡುವೆ ಅಡ್ಡಕಲ್ಲು, ತಳದಲ್ಲಿ ಒಂದು ರಂಧ್ರ, ಅದಕ್ಕೊಂದು ಬಿರಡೆ. ಕೆರೆ ತುಂಬಿದಾಗ ಅಲ್ಲಿಗೆ ಈಜಿಕೊಂಡು ಹೋಗಿ ಬಿರಡೆ ಎತ್ತಬೇಕು. ಜೀವದ ಮೇಲಿನ ಆಸೆ ಬಿಟ್ಟು ಮಾಡುವ ಕೆಲಸ ಅದು.

ಇಂಥ ಒಬ್ಬ ಹಿರಿಯರ ಜೊತೆ ಒಂದು ಕೆರೆಯನ್ನು ಪೂರ್ತಿ ಸುತ್ತಿದ್ದೆ. ತೂಬಿನ ಗಂಬದ ಎಷ್ಟನೇ ಕಲ್ಲಿನ ತನಕ ನೀರಿದ್ದರೆ ಎಷ್ಟು ಎಕರೆ ಭತ್ತ ಆಗುತ್ತೆ, ಎಲ್ಲಿಗೆ ಇಳಿದರೆ ಭತ್ತ ಬಿಟ್ಟು ರಾಗಿ ಹಾಕಬೇಕು ಅನ್ನೋದು ಅವರಿಗೆ ಬಾಯಿಪಾಠ. ಹಸ್ತ, ಚಿತ್ತ, ಸ್ವಾತಿ ಮಳೆಗಳಲ್ಲಿ ಯಾವುದು ಕೈಕೊಟ್ಟರೆ ಏನು ಲೆಕ್ಕ ಅನ್ನೋದೂ ಗೊತ್ತು. ಅಚ್ಚುಕಟ್ಟಿನ ಯಾವ ತಾಕಿನ ಮಣ್ಣು ಎರಡು ದಿನ ತೇವ ಹಿಡಿಯುತ್ತೆ, ಯಾವುದು ನಾಲ್ಕು ದಿನ ಹಿಡಿಯುತ್ತೆ ಅಂತ ಕಾಲಲ್ಲಿ ಮೆಟ್ಟಿ ಹೇಳ್ತಿದ್ದರು. ಅವರ ಕೈಲಿ ಗೇಜ್ ಇರಲಿಲ್ಲ, ಪುಸ್ತಕ ಇರಲಿಲ್ಲ. ಆದರೆ ಅದು ಅಂದಾಜು ಅಲ್ಲ. ನಲವತ್ತು ವರ್ಷ ಒಂದೇ ಜಾಗ ನೋಡಿ ನೋಡಿ ಮಾಡಿದ ಅಳತೆ.

ಈ ತಿಳಿವಳಿಕೆಯ ಒಳಗೆ ನ್ಯಾಯದ ಲೆಕ್ಕವೂ ಒಂದಿತ್ತು. ಕೋಲಾರದ ಕಡೆ ಅದನ್ನ ದಾಮಾಷ ಅಂತಾರೆ. ಕೆರೆ ಅರೆಬರೆ ತುಂಬಿದ ವರ್ಷ ಏನು ಮಾಡೋದು ಅನ್ನೋ ಪ್ರಶ್ನೆಗೆ ಊರವರು ಕಂಡುಕೊಂಡ ಉತ್ತರ ಅದು. ಒಂದು ಉದಾಹರಣೆ ಹೇಳ್ತೀನಿ. ಅಚ್ಚುಕಟ್ಟು 100 ಎಕರೆ ಅಂತ ಇಟ್ಕೊಳ್ಳಿ. ಈ ವರ್ಷದ ನೀರು 40 ಎಕರೆಗೆ ಮಾತ್ರ ಸಾಕು. ಸುಮ್ಮನೆ ಬಿಟ್ಟರೆ ಏನಾಗುತ್ತೆ? ತೂಬಿನ ಹತ್ತಿರ ಗದ್ದೆ ಇರುವವನು ಬೆಳೆಯುತ್ತಾನೆ, ಕೊನೆಯವನ ಗದ್ದೆ ಬೀಳು. ದಾಮಾಷದಲ್ಲಿ ಹಾಗಿಲ್ಲ. ತೂಬಿಗೆ ಹತ್ತಿರದ 40 ಎಕರೆಯನ್ನು ಗುರುತು ಮಾಡಿ, ಆ ವರ್ಷದ ಮಟ್ಟಿಗೆ ಅಷ್ಟನ್ನೂ ಎಲ್ಲರಿಗೂ ಅವರವರ ಹಿಡುವಳಿಗೆ ತಕ್ಕ ಹಾಗೆ ಹಂಚುತ್ತಾರೆ. ಒಂದು ಎಕರೆ ಇದ್ದವನಿಗೆ 16 ಗುಂಟೆ. ಅವನ ಸ್ವಂತ ಗದ್ದೆ ಕಾಲುವೆಯ ಕೊನೆಯಲ್ಲಿದ್ದರೂ ಪರವಾಗಿಲ್ಲ, ಈ ವರ್ಷ ತೂಬಿನ ಹತ್ತಿರ, ಬೇರೆಯವರ ಜಾಗದಲ್ಲಿ ಬೆಳೆದುಕೊಳ್ತಾನೆ. ನೀರು ಉದ್ದ ಕಾಲುವೆಯಲ್ಲಿ ಇಂಗಿ ಹೋಗೋದೂ ತಪ್ಪುತ್ತೆ, ಜಗಳವೂ ತಪ್ಪುತ್ತೆ.

ಕೊರತೆಯನ್ನೂ ಹಂಚಿಕೊಳ್ಳಬೇಕು ಅನ್ನೋ ಈ ತತ್ವವನ್ನು ಇವತ್ತು ರಾಜ್ಯ ರಾಜ್ಯಗಳ ನಡುವೆ ಜಾರಿಗೆ ತರೋಕೆ ನಾವು ನ್ಯಾಯಮಂಡಳಿ, ಪ್ರಾಧಿಕಾರ, ಸುಪ್ರೀಂ ಕೋರ್ಟ್ ತನಕ ಹೋಗ್ತೀವಿ. ಒಂದು ಹಳ್ಳಿ ಅದನ್ನ ಏರಿಯ ಮೇಲೆ ಕೂತು ಮಾಡುತ್ತಿತ್ತು.

ಇಲ್ಲಿಗೆ ನಿಲ್ಲಿಸಿದರೆ ಈ ಮಾತು ಬಹಳ ಚೆಂದ ಇರುತ್ತೆ. ನಮ್ಮ ಪೂರ್ವಜರು ಎಷ್ಟು ಜಾಣರು ಅಂತ ಚಪ್ಪಾಳೆ ತಟ್ಟಬಹುದು. ಬಹಳಷ್ಟು ಭಾಷಣ ಇಲ್ಲಿಗೇ ನಿಲ್ಲುತ್ತೆ. ಆದರೆ ಆ ನೀರುಗಂಟಿ ಯಾರು ಅಂತ ಕೇಳಬೇಕಲ್ಲ?

ಬಹುಪಾಲು ಊರುಗಳಲ್ಲಿ ಆತ ದಲಿತ. ಇಡೀ ಊರಿನ ಗದ್ದೆಗೆ ನೀರು ಮುಟ್ಟಿಸುವವನು, ಊರಿನ ಬಾವಿಯಲ್ಲಿ ತನ್ನ ಕೊಡ ಇಳಿಸುವ ಹಾಗಿರಲಿಲ್ಲ. ದಾಮಾಷದಲ್ಲಿ ಎಕರೆ ಇದ್ದವನಿಗೆ 16 ಗುಂಟೆ ಸಿಕ್ಕಿತು, ಸರಿ. ಎಕರೆಯೇ ಇಲ್ಲದವನಿಗೆ? ಸೊನ್ನೆಗೆ ಅನುಪಾತ ಹಾಕಿದರೆ ಸೊನ್ನೆಯೇ. ಅವನಿಗೆ ಸುಗ್ಗಿಯಲ್ಲಿ ಕಣದ ಹತ್ತಿರ ನಿಂತರೆ ಇಷ್ಟು ಸೇರು ಕಾಳು ಅಂತ ಆಯ. ಕೆಲವು ಕಡೆ ಒಂದು ತುಂಡು ಇನಾಂ ಜಮೀನು. ಅವನು ಬೇಡ ಅಂದರೂ ಕೆಲಸ ಬಿಡೋ ಹಾಗಿಲ್ಲ. ಅವನಾದ ಮೇಲೆ ಮಗ ಮಾಡಬೇಕು. ಅಂದ್ರೆ ಅದು ಜ್ಞಾನವೂ ಹೌದು, ಬಿಟ್ಟಿಚಾಕರಿಯೂ ಹೌದು. ಎರಡೂ ಒಂದೇ ಹಗ್ಗದಲ್ಲಿ ಹೊಸೆದುಕೊಂಡಿದ್ದವು.

ನಮ್ಮ ಜನಪದವೇ ಇದನ್ನ ಮರೆಮಾಚಿಲ್ಲ. 'ಕೆರೆಗೆ ಹಾರ' ಕಥನಗೀತೆ ಎಲ್ಲರಿಗೂ ಗೊತ್ತು. ಕೆರೆಗೆ ನೀರು ಬರಲಿ ಅಂತ ಮನೆಯ ಕಿರಿ ಸೊಸೆಯನ್ನು ಬಲಿ ಕೊಡುವ ಕಥೆ. ಊರಿನ ಒಳಿತಿಗೆ ಯಾರು ತೆರಬೇಕು, ಅದನ್ನ ಯಾರು ತೀರ್ಮಾನಿಸುತ್ತಾರೆ ಅನ್ನೋ ಪ್ರಶ್ನೆ ಆ ಹಾಡಿನೊಳಗೇ ಇದೆ. ಸಮುದಾಯ ಅನ್ನೋ ಪದವನ್ನ ಬಳಸುವಾಗಲೆಲ್ಲಾ ನನಗೆ ಆ ಸೊಸೆ ನೆನಪಾಗ್ತಾಳೆ. ಸಮುದಾಯದೊಳಗೆ ಮಾವನೂ ಇರ್ತಾನೆ, ಸೊಸೆಯೂ ಇರ್ತಾಳೆ. ನಾವು ಯಾರ ಹತ್ತಿರ ಕೂತು ಸ್ಥಳೀಯ ಜ್ಞಾನ ಬರೆದುಕೊಳ್ತಿದ್ದೀವಿ ಅನ್ನೋದು ಮುಖ್ಯ.

ಮುಂದೇನಾಯ್ತು ನೋಡಿ. 1961ರಲ್ಲಿ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ ಬಂತು, 1963ರಿಂದ ಜಾರಿಯಾಯ್ತು. ವಂಶಪಾರಂಪರ್ಯವಾಗಿ ಬಂದ ಹುದ್ದೆಗಳೆಲ್ಲಾ ರದ್ದು. ನೀರುಗಂಟಿಯ ಇನಾಂ ಜಮೀನು ಅವನ ಹೆಸರಿಗೇ ಮರುಮಂಜೂರಾಗಬೇಕು ಅಂತಾಯ್ತು. ಸರಿಯಾದ ಕಾನೂನು. ಹುಟ್ಟಿನಿಂದ ಬರುವ ಚಾಕರಿ ಹೋಗಲೇಬೇಕಿತ್ತು. ಆದರೆ ಚಾಕರಿ ರದ್ದು ಮಾಡಿದವರು ಒಂದು ಪ್ರಶ್ನೆ ಕೇಳಲಿಲ್ಲ. ಹಾಗಾದರೆ ನಾಳೆಯಿಂದ ತೂಬು ತೆಗೆಯುವವರು ಯಾರು? ಅವರಿಗೆ ಸಂಬಳ ಎಲ್ಲಿಂದ? ಆ ಕೆಲಸವನ್ನ ಮರ್ಯಾದೆಯ, ಸಂಬಳದ, ಯಾರು ಬೇಕಾದರೂ ಕಲಿತು ಮಾಡಬಹುದಾದ ಉದ್ಯೋಗ ಮಾಡಬಹುದಿತ್ತು. ಮಾಡಲಿಲ್ಲ. ಕೆಲವು ಊರುಗಳಲ್ಲಿ ಹಳೆಯ ರೂಢಿಯ ಬಲದಿಂದ ಹಾಗೇ ನಡೆಯಿತು, ಉಳಿದ ಕಡೆ ನಿಂತುಹೋಯಿತು.

ಅದೇ ಹೊತ್ತಿಗೆ ಬೋರ್‌ವೆಲ್ ಬಂತು. ಕಾಸಿದ್ದವನಿಗೆ ತೂಬೂ ಬೇಡ, ದಾಮಾಷವೂ ಬೇಡ, ಊರಿನ ಸಭೆಯೂ ಬೇಡ. ಸ್ವಂತ ಮೋಟಾರು, ಸ್ವಂತ ನೀರು. ಕೆರೆಯ ಅಂಗಳಕ್ಕೆ ನೀರು ತರುವ ರಾಜಕಾಲುವೆಗಳು ಒತ್ತುವರಿಯಾದರೂ ಅವನಿಗೆ ತಕ್ಷಣಕ್ಕೆ ನಷ್ಟ ಕಾಣಲಿಲ್ಲ. ಮೇಲಿನ ಗೋಮಾಳ, ಗುಡ್ಡಗಳಲ್ಲಿ ನೀಲಗಿರಿ ಎದ್ದಿತು. ಇವತ್ತು ಕೋಲಾರದಲ್ಲಿ ಸಾವಿರ, ಸಾವಿರದೈನೂರು ಅಡಿ ಕೊರೆದರೂ ನೀರು ಸಿಗೋದು ಗ್ಯಾರಂಟಿ ಇಲ್ಲ, ಸಿಕ್ಕರೆ ಎಷ್ಟೋ ಕಡೆ ಫ್ಲೋರೈಡ್.

ತಮಾಷೆ ಏನು ಗೊತ್ತಾ? ನೀರುಗಂಟಿ ಅನ್ನೋ ಪದ ಮಾತ್ರ ಸಾಯಲಿಲ್ಲ. ಇವತ್ತು ಗ್ರಾಮ ಪಂಚಾಯಿತಿಯ ವಾಟರ್‌ಮ್ಯಾನ್‌ನನ್ನ ಜನ ನೀರುಗಂಟಿ ಅಂತಲೇ ಕರೀತಾರೆ. ಅವನು ಬೋರ್‌ವೆಲ್ ಮೋಟಾರು ಹಾಕ್ತಾನೆ, ವಾಲ್ವ್ ತಿರುಗಿಸ್ತಾನೆ, ಕರೆಂಟು ಬಂದಾಗ ನಡುರಾತ್ರಿ ಓಡ್ತಾನೆ. ಸಂಬಳ ಬಾಕಿ ಅಂತ ಅವರು ಧರಣಿ ಕೂತ ಸುದ್ದಿಯನ್ನ ನೀವೂ ಓದಿರ್ತೀರಿ. ಹೆಸರು ಉಳೀತು, ಅಸಡ್ಡೆಯೂ ಉಳೀತು, ಕೆರೆಯ ತಿಳಿವಳಿಕೆ ಮಾತ್ರ ಕಳಚಿಕೊಂಡಿತು.

ಇನ್ನು ಸರ್ಕಾರದ ಯೋಜನೆಗಳಿಗೆ ಬರೋಣ. 2002ರಲ್ಲಿ ವಿಶ್ವಬ್ಯಾಂಕ್ ನೆರವಿನ ಸಮುದಾಯ ಆಧಾರಿತ ಕೆರೆ ನಿರ್ವಹಣಾ ಯೋಜನೆ ಶುರುವಾಯ್ತು. ಜಲ ಸಂವರ್ಧನೆ ಯೋಜನಾ ಸಂಘದ ಮೂಲಕ ಊರೂರಲ್ಲಿ ಕೆರೆ ಬಳಕೆದಾರರ ಸಂಘಗಳಾದವು. ಒಳ್ಳೆಯ ಯೋಚನೆ. ಹಿಂದಿನ ಕಾಂಟ್ರಾಕ್ಟರ್ ಪದ್ಧತಿಗಿಂತ ಎಷ್ಟೋ ವಾಸಿ. ಆದರೆ ಸಂಘ ಅಂದ ತಕ್ಷಣ ಅಧ್ಯಕ್ಷರು ಬೇಕು, ಬ್ಯಾಂಕ್ ಖಾತೆ ಬೇಕು, ಸಹಿ ಬೇಕು. ಕುರ್ಚಿ ಮೇಲೆ ಯಾರು ಕೂತರು ಅಂತ ನಾನು ಹೇಳಬೇಕಾಗಿಲ್ಲ. ನಾನು ಕೂತ ಎಷ್ಟೋ ಸಭೆಗಳಲ್ಲಿ ಕೆರೆಯ ಬಗ್ಗೆ ಅತಿ ಹೆಚ್ಚು ಗೊತ್ತಿದ್ದ ಮನುಷ್ಯ ಬಾಗಿಲ ಹೊರಗೆ ನಿಂತಿರ್ತಿದ್ದ. ಕೇಳಿದರೆ ಮಾತ್ರ ಹೇಳ್ತಿದ್ದ. ಕೇಳುವವರು ಕಡಿಮೆ.

ಕೇಳದೆ ಇದ್ದರೆ ಏನಾಗುತ್ತೆ ಅನ್ನೋದಕ್ಕೆ ಹೂಳೆತ್ತುವ ಕೆಲಸವನ್ನೇ ತಗೊಳ್ಳಿ. ಜೆಸಿಬಿಗೆ ಗಂಟೆ ಲೆಕ್ಕ, ಟಿಪ್ಪರ್‌ಗೆ ಲೋಡ್ ಲೆಕ್ಕ. ಹಾಗಾಗಿ ರಸ್ತೆಗೆ ಹತ್ತಿರ ಎಲ್ಲಿದೆಯೋ ಅಲ್ಲಿ ಆಳಕ್ಕೆ ತೋಡ್ತಾರೆ. ಅದು ಬಹಳ ಸಲ ಏರಿಯ ಬುಡ. ಏರಿಯ ಬುಡ ಮುಟ್ಟಬಾರದು, ಅದು ಏರಿಗೆ ಊರುಗೋಲು ಅಂತ ಯಾವ ಹಳೆಯ ಮನುಷ್ಯನನ್ನ ಕೇಳಿದರೂ ಹೇಳ್ತಾರೆ. ಕೆರೆಯ ತಳದಲ್ಲಿ ನೂರಾರು ವರ್ಷ ಕೂತು ಗಟ್ಟಿಯಾದ ಜೇಡಿಯ ಪದರ ಇರುತ್ತೆ. ಅದನ್ನ ಒಡೆದರೆ ನೀರು ನಿಲ್ಲೋದಿಲ್ಲ. ತಳ ತೂಬಿನ ಕಡೆಗೆ ಇಳಿಜಾರಾಗಿರಬೇಕು, ಎಲ್ಲೆಲ್ಲೋ ಗುಂಡಿ ಬಿದ್ದರೆ ಆ ನೀರು ತೂಬಿಗೆ ಬರೋದಿಲ್ಲ, ಮಕ್ಕಳು, ದನ ಬಿದ್ದು ಸಾಯ್ತಾವೆ. ಗೋಡುಮಣ್ಣು ಗದ್ದೆಗೆ ಚಿನ್ನ. ಅದೇ ಮಣ್ಣು ಇಟ್ಟಿಗೆ ಗೂಡಿಗೆ ಹೋದರೆ ಊರಿಗೆ ಏನೂ ಉಳಿಯೋದಿಲ್ಲ. ಇದನ್ನೆಲ್ಲಾ ತಿಳಿಯೋಕೆ ದೊಡ್ಡ ಸಮೀಕ್ಷೆ ಬೇಡ. ಯಂತ್ರ ಇಳಿಸುವ ಮೊದಲು ಅರ್ಧ ದಿನ ಕೆರೆಯನ್ನ ಸುತ್ತಿದರೆ ಸಾಕು, ಸರಿಯಾದ ಮನುಷ್ಯರ ಜೊತೆ.

ಇನ್ನೊಂದು ತೊಡಕಿದೆ. 40 ಹೆಕ್ಟೇರ್ ತನಕ ಅಚ್ಚುಕಟ್ಟಿರುವ ಕೆರೆ ಪಂಚಾಯತ್ ವ್ಯವಸ್ಥೆಗೆ, ಅದಕ್ಕಿಂತ ದೊಡ್ಡದು ಸಣ್ಣ ನೀರಾವರಿ ಇಲಾಖೆಗೆ. ಕಾಲುವೆ ಒತ್ತುವರಿ ನೋಡಬೇಕಾದ್ದು ಕಂದಾಯ ಇಲಾಖೆ. ಮೇಲೆ ಗುಡ್ಡ ಇದ್ದರೆ ಅದು ಅರಣ್ಯ ಇಲಾಖೆ. ನೀರು ಒಂದೇ ಸರಪಳಿಯಲ್ಲಿ ಇಳಿಯುತ್ತೆ, ಕಡತ ನಾಲ್ಕು ಕಚೇರಿಯಲ್ಲಿ ಓಡಾಡುತ್ತೆ. ಮೇಲಿನ ಊರಿನ ನೀರುಗಂಟಿಗೂ ಕೆಳಗಿನ ಊರಿನ ನೀರುಗಂಟಿಗೂ ಮಾತು ಇತ್ತು. ಈಗ ಆ ಕಚೇರಿಗಳ ನಡುವೆ ಇರೋದು ಪತ್ರ ವ್ಯವಹಾರ.

ಕೆರೆ ಬಿಟ್ಟು ಸ್ವಲ್ಪ ಕಾಡಿಗೆ ಹೋಗೋಣ. ಚಾಮರಾಜನಗರದ ಬಿಳಿಗಿರಿರಂಗನ ಬೆಟ್ಟ. ಅಲ್ಲಿನ ಸೋಲಿಗರು ಬೇಸಿಗೆಯ ಶುರುವಿನಲ್ಲಿ ಕಾಡಿನ ನೆಲದ ಒಣ ತರಗಿಗೆ ಸಣ್ಣ ಬೆಂಕಿ ಹಾಕುತ್ತಿದ್ದರು. ಅದನ್ನ ತರಗು ಬೆಂಕಿ ಅಂತಾರೆ. ದೊಡ್ಡ ಮರಕ್ಕೆ ಏನೂ ಆಗೋದಿಲ್ಲ, ಪೊದೆ ಅಂಕೆಯಲ್ಲಿರುತ್ತೆ, ಹೊಸ ಹುಲ್ಲು ಬರುತ್ತೆ. 1974ರಲ್ಲಿ ಅದು ವನ್ಯಜೀವಿ ಧಾಮ ಆದ ಮೇಲೆ ಬೆಂಕಿ ಪೂರ್ತಿ ನಿಂತಿತು. ಆಮೇಲೆ ಲಂಟಾನ ಇಡೀ ಕಾಡಿನ ನೆಲ ತುಂಬಿತು. ನೆಲ್ಲಿಮರಗಳ ಮೇಲೆ ಉಪ್ಪಿಲು ಅನ್ನೋ ಪರಾವಲಂಬಿ ಬಂದಳಿಕೆ ಹೆಚ್ಚಾಯಿತು. ಬೆಂಕಿ ನಿಂತದ್ದಕ್ಕೇ ಹೀಗಾಯ್ತು ಅಂತ ಸೋಲಿಗ ಹಿರಿಯರು ಹೇಳ್ತಾನೇ ಬಂದರು. ಅವರ ಜೊತೆ ಕೆಲಸ ಮಾಡಿದ ಸಂಶೋಧಕರು ಆ ಮಾತಿನಲ್ಲಿ ಹುರುಳಿದೆ ಅಂತ ಬರೆದರು.

ಗಮನಿಸಿ. ಇಲ್ಲಿ ತಿಳಿವಳಿಕೆ ಕಳೆದುಹೋಗಿರಲಿಲ್ಲ. ವಿಜ್ಞಾನವೂ ಬೆಂಬಲಕ್ಕೆ ಬಂತು. ಆದರೂ ಅದು ಕೆಲಸಕ್ಕೆ ಬರಲಿಲ್ಲ. ಯಾಕೆಂದರೆ ಹಕ್ಕಿಲ್ಲ. 2006ರ ಅರಣ್ಯ ಹಕ್ಕು ಕಾಯ್ದೆಯಡಿ 2011ರಲ್ಲಿ ಅಲ್ಲಿನ 25 ಗ್ರಾಮಸಭೆಗಳಿಗೆ ಸಾಮುದಾಯಿಕ ಅರಣ್ಯ ಹಕ್ಕು ಸಿಕ್ಕಿತು. ಹುಲಿ ರಕ್ಷಿತಾರಣ್ಯದೊಳಗೆ ಹಾಗೆ ಸಿಕ್ಕಿದ್ದು ದೊಡ್ಡ ಗೆಲುವು. ಆದರೂ ತರಗು ಬೆಂಕಿ ಹಾಕಿದರೆ ಈಗಲೂ ಅದು ಅಪರಾಧವೇ. ತೀರ್ಮಾನ ಮಾಡುವ ಹಕ್ಕಿಲ್ಲದವನ ಜ್ಞಾನ ಏನಾಗುತ್ತೆ ಅಂದ್ರೆ, ಕಥೆ ಆಗುತ್ತೆ. ಪ್ರವಾಸಿಗರಿಗೆ ಗೈಡ್ ಹೇಳುವ ಕಥೆ, ಪುಸ್ತಕದ ಒಂದು ಅಧ್ಯಾಯ.

ಇನ್ನೊಂದು ಉದಾಹರಣೆ ಬೆಂಗಳೂರಿನದ್ದು. ಮಣ್ಣು ವಡ್ಡರು, ಅಂದ್ರೆ ಭೋವಿ ಸಮುದಾಯದವರು, ತಲೆತಲಾಂತರದಿಂದ ಕೆರೆ, ಬಾವಿ ತೋಡಿದವರು. ಪೋರುಮಾಮಿಳ್ಳದ ಆ ಹೆಸರಿಲ್ಲದ ಸಾವಿರ ಆಳುಗಳ ಥರದವರು. ಮಣ್ಣಿನ ಬಣ್ಣ ನೋಡಿ, ಗುದ್ದಲಿ ಏಟಿನ ಸದ್ದು ಕೇಳಿ ಕೆಳಗೆ ಏನಿದೆ ಅಂತ ಹೇಳ್ತಾರೆ. ಬೋರ್‌ವೆಲ್ ಬಂದು ಅವರ ಕಸುಬು ಹೋಯಿತು. ಆಮೇಲೆ 2009ರಲ್ಲಿ ಬೆಂಗಳೂರಿನಲ್ಲಿ ಮಳೆನೀರು ಕೊಯ್ಲು ಕಡ್ಡಾಯ ಆಯ್ತು. ಮಳೆನೀರನ್ನು ನೆಲಕ್ಕೆ ಇಂಗಿಸೋಕೆ ಇಂಗುಬಾವಿ ಬೇಕು. ಮೂರಡಿ ಅಗಲ, ಇಪ್ಪತ್ತು ಮೂವತ್ತು ಅಡಿ ಆಳ, ಒಳಗೆ ಸಿಮೆಂಟ್ ರಿಂಗು. ಅಷ್ಟು ಕಿರಿದಾದ ಜಾಗದಲ್ಲಿ ಕೂತು ನೇರವಾಗಿ ತೋಡುವ ಯಂತ್ರಕ್ಕಿಂತ ಇವರ ಕೈ ಚುರುಕು. ಬಯೋಮ್ ಸಂಸ್ಥೆಯವರು ನಗರಕ್ಕೆ ಹತ್ತು ಲಕ್ಷ ಇಂಗುಬಾವಿ ಬೇಕು ಅಂತ ಅಭಿಯಾನ ಮಾಡಿ, ಬಾವಿ ತೋಡುವವರನ್ನೂ ಬಾವಿ ಬೇಕಾದವರನ್ನೂ ಜೋಡಿಸಿದರು. ಕಬ್ಬನ್ ಪಾರ್ಕಿನ ಹಳೆಯ ಬಾವಿಗಳು ಮತ್ತೆ ಶುದ್ಧವಾದವು. ಸರ್ಜಾಪುರದ ಕಡೆಯ ಭೋವಿಪಾಳ್ಯದ ಜನರಿಗೆ ಫೋನ್ ಬರೋಕೆ ಶುರುವಾಯ್ತು.

ಇಲ್ಲಿ ನಡೆದದ್ದು ಸರಳ. ಸನ್ಮಾನ ಮಾಡಿ ಶಾಲು ಹೊದಿಸಲಿಲ್ಲ. ಕೆಲಸ ಕೊಟ್ಟು ಕೂಲಿ ಕೊಟ್ಟರು, ಅಡಿ ಲೆಕ್ಕದಲ್ಲಿ. ದರ ಹೇಳುವವರು ಅವರೇ. ಹಾಗಂತ ಎಲ್ಲಾ ಸರಿಹೋಯ್ತು ಅಂತಲ್ಲ. ಬಾವಿಯೊಳಗೆ ಮಣ್ಣು ಕುಸಿದರೆ, ಉಸಿರು ಕಟ್ಟಿದರೆ ವಿಮೆ ಯಾರದು? ಹೆಲ್ಮೆಟ್, ಹಗ್ಗ, ಗಾಳಿ ಪರೀಕ್ಷೆ ಎಷ್ಟು ಮನೆಯವರು ಕೇಳ್ತಾರೆ? ಅವರ ಮಕ್ಕಳು ಈ ಕಸುಬಿಗೆ ಬರಬೇಕಾ ಅನ್ನೋದನ್ನ ಅವರೇ ತೀರ್ಮಾನಿಸಬೇಕು, ನಮ್ಮ ಪರಿಸರ ಪ್ರೇಮ ಅಲ್ಲ.

ಈ ಮೂರನ್ನೂ ಜೊತೆಗಿಟ್ಟು ನೋಡಿದರೆ ನನಗೆ ಕಾಣೋದು ಇಷ್ಟು. ಸ್ಥಳೀಯ ಜ್ಞಾನ ಅನ್ನೋದು ಊರಿನ ಗಾಳಿಯಲ್ಲಿ ತೇಲ್ತಾ ಇರೋದಿಲ್ಲ. ಅದು ಯಾರದೋ ಕೈಯಲ್ಲಿ, ಕಾಲಲ್ಲಿ, ಬೆನ್ನಲ್ಲಿ ಇರುತ್ತೆ. ಅವರಿಗೆ ಹಕ್ಕು ಇದೆಯಾ, ಕೂಲಿ ಇದೆಯಾ, ಬೇಡ ಅನ್ನುವ ಸ್ವಾತಂತ್ರ್ಯ ಇದೆಯಾ, ಈ ಮೂರು ಪ್ರಶ್ನೆ ಕೇಳದೆ ಜ್ಞಾನವನ್ನ ಮಾತ್ರ ಉಳಿಸ್ತೀವಿ ಅಂದರೆ, ನಾವು ಹಳೆಯ ಆಯಗಾರಿಕೆಯನ್ನೇ ಹೊಸ ಹೆಸರಲ್ಲಿ ಕೇಳ್ತಿದ್ದೀವಿ ಅಂತ ಅರ್ಥ.

ಬರೆದಿಟ್ಟರೆ ಸಾಕಲ್ವಾ ಅಂತ ಕೆಲವರು ಕೇಳ್ತಾರೆ. 2002ರ ಜೀವವೈವಿಧ್ಯ ಕಾಯ್ದೆಯ ಪ್ರಕಾರ ಪ್ರತಿ ಸ್ಥಳೀಯ ಸಂಸ್ಥೆಯಲ್ಲೂ ಜನತಾ ಜೀವವೈವಿಧ್ಯ ದಾಖಲಾತಿ ಇರಬೇಕು. ಮಾಧವ ಗಾಡ್ಗೀಳರಂಥವರು ಹಳ್ಳಿಯ ಜನರ ಜೊತೆ ಕೂತು ಇದನ್ನ ರೂಪಿಸಿದಾಗ ಅದರ ಹಿಂದೆ ದೊಡ್ಡ ಆಸೆ ಇತ್ತು. ಆದರೆ ಗಡುವು ಬಂದಾಗ ತುಂಬಿಸಿದ ದಾಖಲಾತಿ ಬೀರುವಿನಲ್ಲಿ ಕೂರುತ್ತೆ. ತೂಬಿನ ಎಷ್ಟನೇ ಕಲ್ಲಿಗೆ ಎಷ್ಟು ಎಕರೆ ಅಂತ ಬರೆಯಬಹುದು. ಮಳೆಗಾಲದ ರಾತ್ರಿ ಏರಿ ಎಲ್ಲಿ ಜಿನುಗುತ್ತೆ ಅಂತ ನೋಡೋಕೆ ಒಬ್ಬ ಮನುಷ್ಯ ನಡೆದೇ ಹೋಗಬೇಕು.

ಇನ್ನೊಂದು ಮಾತನ್ನೂ ಪ್ರಾಮಾಣಿಕವಾಗಿ ಹೇಳಬೇಕು. ಹಳೆಯದೆಲ್ಲಾ ಈಗಲೂ ಸರಿ ಅಂತಲ್ಲ. ಜಲಾನಯನದಲ್ಲಿ ಲೇಔಟ್ ಎದ್ದಿದ್ದರೆ, ಕಾಲುವೆ ಮುಚ್ಚಿದ್ದರೆ, ಮಳೆಯೇ ತಿಂಗಳದ್ದು ಎರಡು ದಿನದಲ್ಲಿ ಸುರಿದು ಹೋದರೆ, ಹಸ್ತ, ಚಿತ್ತದ ಹಳೆಯ ಲೆಕ್ಕ ತಪ್ಪುತ್ತೆ. ಕೋಲಾರದಲ್ಲಿ ಈಗ ಹೊಸದೇ ಒಂದು ಪರಿಸ್ಥಿತಿ ಇದೆ. 2018ರಿಂದ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಬೆಂಗಳೂರಿನ ಸಂಸ್ಕರಿಸಿದ ಕೊಳಚೆ ನೀರು ಅಲ್ಲಿನ ಕೆರೆಗಳಿಗೆ ಹರಿಯುತ್ತಿದೆ. ದಶಕಗಳಿಂದ ಒಣಗಿದ್ದ ಕೆರೆಗಳಲ್ಲಿ ನೀರು ನಿಂತಿದೆ. ಕೊಳವೆಬಾವಿಗಳಿಗೆ ಜೀವ ಬಂತು ಅಂತ ಸಂತೋಷಪಟ್ಟ ರೈತರಿದ್ದಾರೆ. ಎರಡೇ ಹಂತದ ಸಂಸ್ಕರಣೆ ಸಾಲದು, ಮೂರನೇ ಹಂತವೂ ಬೇಕು ಅಂತ ಹೋರಾಡುತ್ತಿರುವವರೂ ಇದ್ದಾರೆ. ಆ ನೀರು ಇಂಗೋಕೆ ಮಾತ್ರ, ತೂಬು ತೆಗೆದು ನೇರವಾಗಿ ಗದ್ದೆಗೆ ಬಿಡುವಂತಿಲ್ಲ ಅನ್ನೋದು ನಿಯಮ. ಅಂದ್ರೆ ಕೆರೆ ತುಂಬಿದೆ, ತೂಬು ಮುಚ್ಚಿದೆ. ಈ ನೀರಿನ ಬಣ್ಣ, ವಾಸನೆ, ನೊರೆ ಬಗ್ಗೆ ಯಾವ ನೀರುಗಂಟಿಗೂ ಅವನ ಅಪ್ಪ ಹೇಳಿಕೊಟ್ಟಿಲ್ಲ. ಇಲ್ಲಿ ಪ್ರಯೋಗಾಲಯ ಬೇಕು, ಪರೀಕ್ಷೆಯ ವರದಿ ಕನ್ನಡದಲ್ಲಿ ಊರಿನ ಗೋಡೆಯ ಮೇಲೆ ಬೇಕು. ಜೊತೆಗೆ ದಿನಾ ಕೆರೆ ನೋಡುವ ಒಂದು ಜೊತೆ ಕಣ್ಣೂ ಬೇಕು. ಮೀನು ಸತ್ತು ತೇಲಿದರೆ ಮೊದಲು ಕಾಣೋದು ಅಧಿಕಾರಿಗಲ್ಲ, ಕೆರೆಯಂಗಳದಲ್ಲಿ ಕುರಿ ಮೇಯಿಸುವವರಿಗೆ. ಅವರು ಹೇಳಿದರೆ ಬರೆದುಕೊಳ್ಳುವ, ಉತ್ತರ ಕೊಡುವ ಒಂದು ಜಾಗ ಇರಬೇಕು.

ಹಾಗಾದರೆ ಏನು ಮಾಡಬಹುದು? ನನ್ನ ಹತ್ತಿರ ದೊಡ್ಡ ನೀಲನಕ್ಷೆ ಇಲ್ಲ. ಪಂಚಾಯಿತಿ ಮಟ್ಟದಲ್ಲಿ ಆಗಬಹುದಾದ ನಾಲ್ಕು ಮಾತು ಹೇಳ್ತೀನಿ.

ಒಂದು, ಈಗಿರುವ ವಾಟರ್‌ಮ್ಯಾನ್ ಕೆಲಸಕ್ಕೆ ಕೆರೆಯನ್ನೂ ಸೇರಿಸಿ, ಅದಕ್ಕೆ ತಕ್ಕ ಸಂಬಳವನ್ನೂ ಸೇರಿಸಿ. ತೂಬು, ಕಾಲುವೆ, ನೀರಿನ ಮಟ್ಟ, ಮಳೆಯ ಅಳತೆ ಅವನ ಅಥವಾ ಅವಳ ಜವಾಬ್ದಾರಿ ಆಗಲಿ. ಹೌದು, ಅವಳ. ಹುದ್ದೆ ಯಾವ ಜಾತಿಯವರಿಗಾದರೂ, ಹೆಂಗಸರಿಗಾದರೂ ತೆರೆದಿರಲಿ. ಹಳೆಯ ನೀರುಗಂಟಿಗಳು ಇರುವ ಊರಲ್ಲಿ ಅವರನ್ನ ತರಬೇತುದಾರರು ಅಂತ ನೇಮಿಸಿ ಸಂಭಾವನೆ ಕೊಡಿ. ಮೇಷ್ಟ್ರಿಗೆ ಸಂಬಳ ಕೊಡಲ್ವಾ, ಹಾಗೆ.

ಎರಡು, ಉದ್ಯೋಗ ಖಾತ್ರಿಯಲ್ಲಾಗಲಿ, ಕಂಪನಿಗಳ ಸಿಎಸ್‌ಆರ್ ಹಣದಲ್ಲಾಗಲಿ, ಕೆರೆಗೆ ಯಂತ್ರ ಇಳಿಸುವ ಮೊದಲು ಕೆರೆ ಸುತ್ತಿ ನಕ್ಷೆ ಬರೆಯೋದು ಕಡ್ಡಾಯ ಆಗಲಿ. ನೀರುಗಂಟಿ, ಕುರಿಗಾಹಿ, ಮೀನು ಹಿಡಿಯುವವರು, ಬಟ್ಟೆ ಒಗೆಯೋಕೆ ಬರುವ ಹೆಂಗಸರು, ಕೊನೆ ಗದ್ದೆಯ ರೈತ, ಎಂಜಿನಿಯರ್, ಎಲ್ಲರೂ ಆ ಸುತ್ತಿನಲ್ಲಿರಲಿ. ಬಂದವರಿಗೆ ಅವತ್ತಿನ ಕೂಲಿ ಕೊಡಿ. ಒಂದು ದಿನದ ಕೂಲಿ ಬಿಟ್ಟು ಬಂದು ಸಲಹೆ ಕೊಡಿ ಅಂತ ಕೂಲಿಯವರನ್ನ ಕೇಳೋದು ಸಹಭಾಗಿತ್ವ ಅಲ್ಲ.

ಮೂರು, ದಾಮಾಷದ ತತ್ವವನ್ನ ಜಮೀನಿಲ್ಲದವರಿಗೂ ಹಿಗ್ಗಿಸಬೇಕು. ಕೆರೆ ಅಂದ್ರೆ ನೀರು ಮಾತ್ರ ಅಲ್ಲ. ಮೀನಿದೆ, ಹೂಳಿದೆ, ಅಂಗಳದ ಹುಲ್ಲಿದೆ, ಏರಿಯ ಹುಣಸೆ, ಹೊಂಗೆಯ ಫಸಲಿದೆ. ಇವುಗಳಲ್ಲಿ ಮೊದಲ ಪಾಲು ಅಚ್ಚುಕಟ್ಟಿನಲ್ಲಿ ಗುಂಟೆಯೂ ಇಲ್ಲದ ಮನೆಗಳಿಗೆ ಅಂತ ಗ್ರಾಮಸಭೆ ಬರೆದುಕೊಂಡರೆ, ಕೆರೆ ಉಳಿಸೋಕೆ ಇನ್ನಷ್ಟು ಜನ ನಿಲ್ತಾರೆ. ಲಾಭ ಇಲ್ಲದವನನ್ನ ಶ್ರಮದಾನಕ್ಕೆ ಮಾತ್ರ ಕರೆದರೆ ಅವನು ಯಾಕೆ ಬರಬೇಕು?

ನಾಲ್ಕು, ಸರಪಳಿಯ ಊರುಗಳು ಮುಂಗಾರಿಗೆ ಮುಂಚೆ ಒಂದು ಸಲ, ಹಿಂಗಾರಿಗೆ ಮುಂಚೆ ಒಂದು ಸಲ ಜೊತೆಗೆ ಕೂರಬೇಕು. ಮೇಲಿನವರು ಕೋಡಿಗೆ ಮರಳಿನ ಚೀಲ ಒಟ್ಟಿ ಎತ್ತರಿಸಿದರೆ ಕೆಳಗಿನ ಕೆರೆ ಒಣಗುತ್ತೆ. ಇದು ಇಲಾಖೆಗಳು ಪತ್ರ ಬರೆದು ಬಗೆಹರಿಸುವ ವಿಷಯ ಅಲ್ಲ.

ಇದರಲ್ಲಿ ಯಾವುದೂ ಹೊಸತಲ್ಲ. ಹಳೆಯ ಶಾಸನಗಳಲ್ಲಿ ಬಿತ್ತುವಟ್ಟ, ಕೆರೆಗೊಡಗೆ, ದಸವಂದ ಅನ್ನೋ ಪದಗಳು ಬರ್ತವೆ. ಕೆರೆ ಕಟ್ಟಿಸಿದವರಿಗೆ, ಕಾಪಾಡಿದವರಿಗೆ, ರಿಪೇರಿಗೆ ಅಂತ ಬಿಟ್ಟ ಭೂಮಿ, ಬೆಳೆಯ ಪಾಲು ಅದು. ಕೆರೆ ತಾನಾಗಿ ಉಳಿಯೋದಿಲ್ಲ, ಅದನ್ನ ಉಳಿಸುವ ಕೆಲಸಕ್ಕೆ ಪ್ರತಿ ವರ್ಷ ದುಡ್ಡು ಬೇಕು ಅಂತ ಸಾವಿರ ವರ್ಷದ ಹಿಂದಿನವರಿಗೂ ಗೊತ್ತಿತ್ತು. ಅವರಿಗೆ ಹೊಳೆಯದೇ ಇದ್ದದ್ದು, ಅಥವಾ ಹೊಳೆದರೂ ಬೇಡವಾಗಿದ್ದದ್ದು, ಆ ಕೆಲಸ ಮಾಡುವವನೂ ಸರಿಸಮ ಮನುಷ್ಯ ಅನ್ನೋದು. ಅವರಿಂದ ಮೊದಲನೆಯದನ್ನ ಕಲಿಯೋಣ. ಎರಡನೆಯದಕ್ಕೆ ನಮ್ಮ ಹತ್ತಿರ ಸಂವಿಧಾನ ಇದೆ.

ಈ ಮಾತು ಕೇಳಿದವರಲ್ಲಿ ಪಂಚಾಯಿತಿ ಸದಸ್ಯರಿದ್ದರೆ, ಪಿಡಿಒಗಳಿದ್ದರೆ, ಕೆರೆ ದತ್ತು ತಗೊಂಡ ಕಂಪನಿಯವರಿದ್ದರೆ ಒಂದು ವಿನಂತಿ. ಮುಂದಿನ ಕ್ರಿಯಾಯೋಜನೆಯಲ್ಲಿ ಜೆಸಿಬಿ ಬಾಡಿಗೆಗೆ ಒಂದು ಸಾಲು ಇದ್ದೇ ಇರುತ್ತೆ. ಅದರ ಕೆಳಗೆ ಇನ್ನೊಂದು ಸಾಲು ಸೇರಿಸಿ: ನೀರುಗಂಟಿಯ ಸಂಬಳ, ಹನ್ನೆರಡು ತಿಂಗಳಿಗೆ. ಆ ಸಾಲು ಮಂಜೂರಾದ ದಿನ ಸ್ಥಳೀಯ ಜ್ಞಾನದ ಬಗ್ಗೆ ನಮ್ಮ ಮಾತು ನಿಜ ಅಂತ ನಾನು ನಂಬ್ತೀನಿ.